ಸೋಫಿ ಆಂಟಿಯ ಉಳಿದರ್ಧ ನಗು

ಕಳೆದ ಶನಿವಾರ ರೂಟ್ ಒನ್ ಹೆದ್ದಾರಿಯ ಪಕ್ಕ ಹೊಸದಾಗಿ ತೆರೆದ ಬೇಕರಿಗೆ ಬ್ರೆಡ್ ತರಲು ಹೋಗಿದ್ದೆ. ಒಳಗೆ ಯಾರೋ ಹಿಟ್ಟಿನ ಉಂಡೆಗಳನ್ನು ಎಣ್ಣೆಗೆ ಬಿಡುತ್ತಿದ್ದರು. ಕಿತ್ತಳೆ ಸಿಪ್ಪೆ, ಏಲಕ್ಕಿ, ಸೋಂಪು ಒಟ್ಟಿಗೆ ಕಾದ ವಾಸನೆ ಮೂಗಿಗೆ ಬಡಿದದ್ದೇ ತಡ, ಸಾಲಿನಲ್ಲಿ ನಿಂತಲ್ಲೇ ನನಗೆ ನಗು ಬಂತು. ಸಣ್ಣ ನಗುವಲ್ಲ. ಪಕ್ಕದಲ್ಲಿದ್ದ ಮಗಳು "ಅಮ್ಮಾ, ಸ್ಟಾಪ್. ಪೀಪಲ್ ಆರ್ ಲುಕಿಂಗ್" ಎಂದು ಕೈ ಜಗ್ಗಿದಳು. ನಿಲ್ಲಿಸಲು ಆಗಲಿಲ್ಲ. ಕೆಂಡಲ್ ಪಾರ್ಕಿನ ನಮ್ಮ ಬೀದಿಯಲ್ಲಿ, ನಾಲ್ಕು ಮನೆ ಆಚೆ, ಸೋಫಿ ಆಂಟಿಯ ಅಡುಗೆಮನೆಯಿಂದ ಬರುತ್ತಿದ್ದ ವಾಸನೆ ಅದು. ನನ್ನ ಅತ್ತೆ ಧಾರವಾಡದಿಂದ ಬಂದು ನಮ್ಮ ಜೊತೆಗಿದ್ದ ಆ ವರ್ಷದ ವಾಸನೆ.

ಅತ್ತೆ ಬಂದದ್ದು ಬೇಸಿಗೆ ಹತ್ತುವಾಗ, ವಿಸಿಟರ್ ವೀಸಾದ ಮೇಲೆ. ಹೈಸ್ಕೂಲಿನಲ್ಲಿ ಗಣಿತ ಕಲಿಸಿ ನಿವೃತ್ತರಾದವರು. ಆದರೆ ಅವರ ಜೀವ ಇದ್ದದ್ದು ಕಂಪನಿ ನಾಟಕಗಳಲ್ಲಿ. ಚಿಕ್ಕಂದಿನಲ್ಲಿ ಹುಬ್ಬಳ್ಳಿಯಲ್ಲಿ ಟೆಂಟಿನ ಮುಂದೆ ಕೂತು ನೋಡಿದ ಹಾಸ್ಯದ ಪಾತ್ರಗಳ ಮಾತನ್ನು ಈಗಲೂ ಒಂದಕ್ಷರ ಬಿಡದೆ ಒಪ್ಪಿಸುತ್ತಿದ್ದರು. ನಾನು ಮೈಸೂರಿನವಳು, ನಗುವುದಕ್ಕೂ ಸ್ವಲ್ಪ ಲೆಕ್ಕ ಹಾಕುವ ಮನೆಯಿಂದ ಬಂದವಳು. ಅತ್ತೆ ನಕ್ಕರೆ ಪಕ್ಕದ ಮನೆಯ ನಾಯಿ ಬೊಗಳುತ್ತಿತ್ತು.

ಬಂದ ಮರುವಾರವೇ ಅವರು ಇಳಕಲ್ ಸೀರೆಯ ಕೆಳಗೆ ನನ್ನ ಸ್ನೀಕರ್ಸ್ ಹಾಕಿಕೊಂಡು ಬೆಳಗಿನ ವಾಕಿಂಗ್ ಶುರು ಮಾಡಿದರು. ಒಂದು ದಿನ ಹೋದವರು ಬಹಳ ಹೊತ್ತಾದರೂ ಬರಲಿಲ್ಲ. ನಾನು ಆಫೀಸಿನ ಕಾಲ್ ಅರ್ಧಕ್ಕೆ ಬಿಟ್ಟು ಹುಡುಕಿಕೊಂಡು ಹೋದೆ. ನೋಡಿದರೆ ಅತ್ತೆ ರಸ್ತೆಯ ಅಂಚಿಗೆ ಕೂತು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಾರೆ. ಎದುರಿಗೆ ಎಂಬತ್ತು ದಾಟಿದ, ಗೋಧಿ ಬಣ್ಣದ, ಗಿಡ್ಡನೆಯ ಹೆಂಗಸೊಬ್ಬರು ಅತ್ತೆಯ ನಡಿಗೆಯನ್ನೇ ನಡೆದು ತೋರಿಸುತ್ತಿದ್ದಾರೆ. ಒಂದು ಕೈಯಲ್ಲಿ ಇಲ್ಲದ ನೆರಿಗೆ ಎತ್ತಿ ಹಿಡಿದು, ಇನ್ನೊಂದು ಕೈ ಬೀಸುತ್ತ, ಪ್ರತಿ ಮನೆಯ ಕಿಟಕಿಗೂ ಕತ್ತು ಚಾಚಿ ಒಳಗೆ ಏನು ಅಡುಗೆ ಎಂದು ನೋಡುತ್ತ.

"ಏ ವಸುಧಾ, ಬಾ ಇಲ್ಲೆ," ಅತ್ತೆ ಕಣ್ಣೊರೆಸಿಕೊಂಡರು. "ಇಕಿ ನಾಟಕದಾಕಿ ಇದ್ದಾಳ ನೋಡು. ನಾ ಬರೆದು ಕೊಡ್ತೀನಿ. ಸುಮ್ನ ಮಂದಿಗೆ ಹಿಂಗ ನಡೀಲಿಕ್ಕೆ ಬರೂದಿಲ್ಲ."

ನಾನು ಆ ಮಾತನ್ನು ಇಂಗ್ಲಿಷಿನಲ್ಲಿ ಹೇಳಿದೆ. ಆ ಹೆಂಗಸು ನಡೆಯುವುದನ್ನು ನಿಲ್ಲಿಸಿದರು. "ನಾಟಕ ಅಲ್ಲ," ಎಂದರು. "ಬಯಾಸ್ಕೋಪ್, ಸಿನಿಮಾ. ಆದರೆ ಅದನ್ನು ಕಂಡುಹಿಡಿದ ಮೊದಲನೆಯವಳು ನಿನ್ನ ಅತ್ತೆ."

ಸೋಫಿ ಆಂಟಿಯ ಕಥೆ ನಮಗೆ ಸಿಕ್ಕಿದ್ದು ಆ ಬೇಸಿಗೆಯ ಉದ್ದಕ್ಕೂ, ಅವರು ಕರಿದು ಪಾಕದಲ್ಲಿ ಅದ್ದಿ ಕೊಬ್ಬರಿ ತುರಿಯಲ್ಲಿ ಹೊರಳಿಸಿ ಕೊಡುತ್ತಿದ್ದ ಉಂಡೆಗಳನ್ನು ತಿನ್ನುತ್ತ. ಅವರು ಕೇಪ್‌ಟೌನಿನವರು. ದಕ್ಷಿಣ ಆಫ್ರಿಕಾದಲ್ಲಿ ಮನುಷ್ಯರನ್ನು ಬಣ್ಣ ನೋಡಿ ವಿಂಗಡಿಸುತ್ತಿದ್ದ ಕಾಲದಲ್ಲಿ ಹುಟ್ಟಿದವರು. ಬಿಳಿಯರೂ ಅಲ್ಲ, ಕರಿಯರೂ ಅಲ್ಲ, ಮಿಶ್ರ ಮೂಲದವರು ಎಂದು ಸರ್ಕಾರ ಬೇರೆ ಮಾಡಿಟ್ಟ ಜನ. ಮನೆಮಾತು ಆಫ್ರಿಕಾನ್ಸ್. ಅವರನ್ನು ದೂರ ಇಟ್ಟ ಬಿಳಿಯ ಯಜಮಾನರ ಮಾತೂ ಅದೇ. ಭಾಷೆ ಒಂದೇ, ಬಾಗಿಲು ಬೇರೆ.

ಸೋಫಿ ಆಂಟಿ ಬಟ್ಟೆ ಫ್ಯಾಕ್ಟರಿಯಲ್ಲಿ ಕಾಲರ್ ಹೊಲಿಯುತ್ತಿದ್ದರು. ಭಾನುವಾರ ಚರ್ಚಿನ ಹಾಲಿನಲ್ಲಿ ಸೂಪರ್‌ವೈಸರನ್ನು ಅಣಕಿಸಿ ಜನರನ್ನು ನಗಿಸುತ್ತಿದ್ದರು. ಸಮುದ್ರದ ದಂಡೆಗೆ ಆಫ್ರಿಕಾನ್ಸ್ ಸಿನಿಮಾದವರು ಶೂಟಿಂಗಿಗೆ ಬಂದಾಗ ಕೆಲಸದವಳ ಪಾತ್ರಕ್ಕೆ ಒಬ್ಬಳು ಬೇಕಾಯಿತು. ಯಾರೋ ಇವರನ್ನು ಕರೆದೊಯ್ದರು. ಆಮೇಲೆ ಹತ್ತಾರು ವರ್ಷ ಇವರು ಆ ಸಿನಿಮಾಗಳಲ್ಲಿ ಬಂದರು. ಒಮ್ಮೆ ಅಡುಗೆಯವಳು, ಒಮ್ಮೆ ಮೀನು ಮಾರುವವಳು, ಮಿಕ್ಕೆಲ್ಲ ಸಲ ಏಪ್ರನ್ ಕಟ್ಟಿದ ಕೆಲಸದವಳು. ಪೋಸ್ಟರಿನಲ್ಲಿ ಮುಖವಿಲ್ಲ, ಕೊನೆಯಲ್ಲಿ ಹೆಸರಿಲ್ಲ.

"ಒಂದೇ ಒಂದು ಸಿನಿಮಾದಲ್ಲಿ ನನಗೆ ನಿಜವಾದ ದೃಶ್ಯ ಕೊಟ್ಟರು," ಎಂದು ಅವರು ಹೇಳಿದ್ದು ಜುಲೈನ ಒಂದು ಸೆಕೆಯ ಮಧ್ಯಾಹ್ನ.

ಯಜಮಾನಿ ಪಾದ್ರಿಯನ್ನು ಊಟಕ್ಕೆ ಕರೆದಿದ್ದಾಳೆ. ಕೋಳಿಯನ್ನು ನಾಯಿ ಕಚ್ಚಿಕೊಂಡು ಹೋಗಿದೆ. ಕೆಲಸದವಳು ಮುಚ್ಚಿದ ತಟ್ಟೆಯನ್ನು ಮೇಜಿಗೆ ತರುತ್ತಾಳೆ. ಮುಚ್ಚಳ ತೆಗೆಯಬೇಕು ಎನ್ನುವಾಗಲೆಲ್ಲ ಪಾದ್ರಿಗೆ ಹೊಸದೊಂದು ಪ್ರಾರ್ಥನೆ ನೆನಪಿಸುತ್ತಾಳೆ. ಅಮ್ಮಾವ್ರ ತಮ್ಮನಿಗಾಗಿ, ಮಳೆಗಾಗಿ, ಕುಂಟುವ ಹಸುವಿಗಾಗಿ. ಪಾದ್ರಿ ಕಣ್ಣು ಮುಚ್ಚಿದಾಗಲೆಲ್ಲ ಅಡುಗೆಮನೆಗೆ ಓಡುತ್ತಾಳೆ. ಕೊನೆಗೆ ಮುಚ್ಚಳ ಎತ್ತಿದರೆ ತಟ್ಟೆಯಲ್ಲಿ ಒಂದು ಬೇಯಿಸಿದ ಮೊಟ್ಟೆ. ಕೋಳಿ ಎಲ್ಲಿ ಎಂದರೆ ಅವಳು ಹೇಳುತ್ತಾಳೆ: "ಬರುತ್ತಿದೆ ಅಯ್ಯನವರೇ. ಸದ್ಯಕ್ಕೆ ಇಷ್ಟು ಬಂದಿದೆ."

ಅತ್ತೆ ಮೊಣಕಾಲು ತಟ್ಟಿದರು. "ನಮ್ಮಲ್ಲೆ ಪ್ರಸಾದ ತಯಾರಾಗಿಲ್ಲಂದ್ರ ಮಂಗಳಾರತಿ ಎಳೀತಾರಲ್ಲ, ಹಂಗ!"

ಸಿನಿಮಾ ಬಿಡುಗಡೆಯಾದ ಪೇಟೆಯ ಥಿಯೇಟರು ಬಿಳಿಯರಿಗೆ ಮಾತ್ರ. ಅಲ್ಲಿ ಕಸ ಗುಡಿಸುತ್ತಿದ್ದ ಅಕ್ಕನ ಮಗಳ ಪೊರಕೆ ಹಿಡಿದು ಸೋಫಿ ಆಂಟಿ ಒಳಗೆ ನುಸುಳಿದರು. ಬಾಗಿಲ ಪರದೆಯ ಹಿಂದೆ ನಿಂತು ತಮ್ಮ ದೃಶ್ಯಕ್ಕಾಗಿ ಕಾದರು. ತೆರೆಯ ಮೇಲೆ ಅವರೇ ಬಂದರು, ಅವರೇ ಬಾಯಿ ತೆರೆದರು. ಹೊರಗೆ ಬಂದದ್ದು ಬೇರೆ ಯಾರದೋ ದನಿ. ಕೇಪಿನ ಓಣಿಯ ಉಚ್ಚಾರ ಬೇಡವೆಂದು ನಿರ್ಮಾಪಕರು ಬಿಳಿಯ ರೇಡಿಯೋ ನಟಿಯೊಬ್ಬಳಿಂದ ಕೀಚಲು ದನಿಯಲ್ಲಿ ಮಾತಾಡಿಸಿದ್ದರು. ಇವರಿಗೆ ಯಾರೂ ಹೇಳಿರಲಿಲ್ಲ.

"ಜನ ನಕ್ಕರು," ಎಂದರು ಸೋಫಿ ಆಂಟಿ. "ಆದರೆ ಅರ್ಧ ನಕ್ಕರು. ಆಕೆ ಕಾಯಲಿಲ್ಲ. ಮೊಟ್ಟೆಯನ್ನು ಜನ ಸರಿಯಾಗಿ ನೋಡುವ ಮೊದಲೇ ಮಾತು ಉದುರಿಸಿಬಿಟ್ಟಳು. ನಾನು ಅಲ್ಲಿ ಕಾದಿದ್ದೆ, ಗೊತ್ತಾ? ಶೂಟಿಂಗಿನಲ್ಲಿ ಕಾದಿದ್ದೆ. ಉಳಿದರ್ಧ ನಗು ನನಗೆ ಸಿಗಬೇಕಿತ್ತು." ಅವಮಾನದ ಮಾತು ಹೇಳುತ್ತಾರೆಂದು ನಾನು ಕಾಯುತ್ತಿದ್ದರೆ ಅವರು ಕಸುಬಿನ ಮಾತು ಹೇಳುತ್ತಿದ್ದರು. ಡಬ್ಬಿಂಗ್ ಬೇಡ ಎಂದು ದಶಕಗಟ್ಟಲೆ ಜಗಳವಾಡಿದ ನಾಡಿನವಳು ನಾನು. ಒಬ್ಬರ ಬಾಯಿಗೆ ಇನ್ನೊಬ್ಬರ ದನಿ ಹಾಕಿದರೆ ಏನಾಗುತ್ತದೆ ಎಂದು ಅಂದು ಮೊದಲ ಸಲ ಎದೆಗೆ ತಟ್ಟಿತು.

ಅದಾದ ಮೇಲೆ ಇನ್ನೆರಡು ಸಿನಿಮಾ ಮಾಡಿ ಅವರು ಕಾಲರ್ ಹೊಲಿಯಲು ವಾಪಸಾದರು. ಬಹಳ ವರ್ಷಗಳ ನಂತರ ಮಗಳು ಡೊರೀನ್ ಇಲ್ಲಿಗೆ ಕರೆಸಿಕೊಂಡಳು.

ಎಲೆ ಬಣ್ಣ ತಿರುಗುವ ಹೊತ್ತಿಗೆ ನಾನು ಆ ಸಿನಿಮಾ ಹುಡುಕಿದೆ. ಆಫ್ರಿಕಾನ್ಸ್ ಬಾರದಿದ್ದರೂ ಸೋಫಿ ಆಂಟಿ ಹೇಳಿದ ಹೆಸರನ್ನು ಬಗೆಬಗೆಯ ಸ್ಪೆಲಿಂಗಿನಲ್ಲಿ ಟೈಪ್ ಮಾಡಿದೆ. ಹಳೆಯ ಸಿನಿಮಾ ಕೂಡಿಡುವ ಹವ್ಯಾಸದವರೊಬ್ಬರು ಮಾಸಿದ ಪ್ರತಿಯೊಂದನ್ನು ಇಂಟರ್ನೆಟ್ಟಿಗೆ ಹಾಕಿದ್ದರು. ಪಾದ್ರಿಯ ಊಟದ ದೃಶ್ಯ ಬಂದಾಗ ನಾನು ಕುರ್ಚಿಯಿಂದ ಎದ್ದು ನಿಂತೆ. ತೆಳ್ಳಗಿನ, ಚೂಪು ಕಣ್ಣಿನ ಹುಡುಗಿ. ಆದರೆ ಅದೇ ಕತ್ತು, ಅದೇ ಕೈ. ಟ್ಯಾಬ್ಲೆಟ್ ಎತ್ತಿಕೊಂಡು, ಅತ್ತೆಯನ್ನೂ ಎಳೆದುಕೊಂಡು, ಮಳೆಯಲ್ಲೇ ಅವರ ಮನೆಗೆ ಓಡಿದೆ.

ಬಾಗಿಲು ತೆರೆದವಳು ಡೊರೀನ್. ಫಾರ್ಮಸಿಸ್ಟ್, ಮಾತು ಕಡಿಮೆ. ತಾಯಿ ಆಫ್ರಿಕಾನ್ಸಿನಲ್ಲಿ ಏನು ಕೇಳಿದರೂ ಇಂಗ್ಲಿಷಿನಲ್ಲೇ ಉತ್ತರಿಸುತ್ತಿದ್ದಳು. ಟ್ಯಾಬ್ಲೆಟ್ಟಿನಲ್ಲಿ ನಿಂತಿದ್ದ ಚಿತ್ರ ನೋಡಿದ್ದೇ ಅವಳ ಮುಖ ಗಂಟಿಕ್ಕಿತು.

"ಇದನ್ನು ನಮ್ಮ ಕನ್ನಡ ಕೂಟದ ರಾಜ್ಯೋತ್ಸವದ ಕಾರ್ಯಕ್ರಮದಲ್ಲಿ ತೋರಿಸೋಣ ಅಂತ," ಎಂದೆ ನಾನು, ಏದುಸಿರು ಬಿಡುತ್ತ.

"ನೋ," ಎಂದಳು ಡೊರೀನ್. "ನನ್ನ ತಾಯಿ ಏಪ್ರನ್ ಕಟ್ಟಿಕೊಂಡು ಆ ಜನಕ್ಕಾಗಿ ಕಣ್ಣು ಹೊರಳಿಸುವುದನ್ನ ನಿಮ್ಮ ಸ್ನೇಹಿತರು ನೋಡಿ ನಗಬೇಕಾ? ಆಫ್ರಿಕಾನ್ಸನ್ನ ಸ್ಕೂಲಲ್ಲಿ ಮಕ್ಕಳ ಗಂಟಲಿಗೆ ತುರುಕಬೇಡಿ ಅಂತ ನಾನು ಸ್ಕೂಲ್ ಯೂನಿಫಾರ್ಮಲ್ಲಿ ಬೀದಿಗಿಳಿದಿದ್ದೆ. ಕಣ್ಣಿಗೆ ಟಿಯರ್ ಗ್ಯಾಸ್ ಬಿದ್ದಿದೆ. ಇದು ಕಾಮಿಡಿ ಅಲ್ಲ ವಸುಧಾ."

ಅವಳು ಹೇಳಿದ್ದರಲ್ಲಿ ಸುಳ್ಳಿರಲಿಲ್ಲ. ಅತ್ತೆಗೆ ಇಂಗ್ಲಿಷ್ ಅಷ್ಟು ವೇಗದಲ್ಲಿ ಹಿಡಿಯದಿದ್ದರೂ ಮುಖ ನೋಡಿ ತಿಳಿಯಿತು. ಅವರು ಒಳಗೆ ಹೋಗಿ ಸೋಫಿ ಆಂಟಿಯ ಪಕ್ಕ ಕೂತು ಕೈ ಹಿಡಿದುಕೊಂಡರು.

ಸೋಫಿ ಆಂಟಿ ಟ್ಯಾಬ್ಲೆಟ್ ತೆಗೆದುಕೊಂಡು ದೃಶ್ಯವನ್ನು ಹಚ್ಚಿದರು, ದನಿ ಪೂರ್ತಿ ಇಳಿಸಿ. "ಡೊರೀನ್, ಯಜಮಾನಿ ನಡೆಯುವುದನ್ನು ನೋಡು. ಈಗ ಹಿಂದೆ ಬರುತ್ತಿರುವ ನನ್ನನ್ನು ನೋಡು."

ನಾವೆಲ್ಲ ಬಗ್ಗಿದೆವು. ಯಜಮಾನಿ ಎದೆ ಮುಂದೆ ಮಾಡಿ, ಗಲ್ಲ ಎತ್ತಿ, ಬಾತುಕೋಳಿಯ ಹಾಗೆ ನಡೆಯುತ್ತಾಳೆ. ಹಿಂದೆ ತಟ್ಟೆ ಹಿಡಿದ ಹುಡುಗಿ ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲದೆ ಹಾಗೇ ನಡೆಯುತ್ತಾಳೆ. ಯಜಮಾನಿ ತಿರುಗಿದ ತಕ್ಷಣ ಬೆನ್ನು ಬಾಗಿಸಿ ಕೆಲಸದವಳಾಗುತ್ತಾಳೆ.

"ಅವರು ಬರೆದದ್ದು ಕೆಲಸದವಳ ಪಾತ್ರ," ಎಂದರು ಸೋಫಿ ಆಂಟಿ. "ನಾನು ಆಡಿದ್ದು ಯಜಮಾನಿಯ ಪಾತ್ರ. ಅದು ಡೈರೆಕ್ಟರಿಗೂ ತಿಳಿಯಲಿಲ್ಲ."

ಡೊರೀನ್ ಕಾರಿನ ಕೀ ತೆಗೆದುಕೊಂಡು ಹೊರಟುಹೋದಳು. ಅತ್ತೆ ಆಗ ಬಾಯಿ ಬಿಟ್ಟರು. ಆ ಮಾತಿನಿಂದಲೇ ಆ ಎಲೆ ಉದುರುವ ಕಾಲಕ್ಕೆ ಕಾವೇರತೊಡಗಿತು.

"ಆ ಸುಡಗಾಡು ದನೀ ತೆಗದು ಒಗೀರಿ. ಚಿತ್ರ ಅಷ್ಟ ಓಡ್ಲಿ. ಸೋಫಿಬಾಯಿ ಎದ್ದು ನಿಂತು ತಾನ ಮಾತಾಡ್ಲಿ!"

ನಾನು ಅನುವಾದಿಸಿದೆ. ಸೋಫಿ ಆಂಟಿ ಅತ್ತೆಯ ಎರಡೂ ಕೆನ್ನೆ ಹಿಡಿದು ಮುದ್ದಿಟ್ಟರು.

ಅಕ್ಟೋಬರ್ ಇಡೀ ನಮ್ಮ ಬೇಸ್‌ಮೆಂಟ್ ರಿಹರ್ಸಲ್ ಹಾಲಾಯಿತು. ಗಂಡ ಗಿರೀಶ ಗೋಡೆಗೆ ಬಿಳಿ ಬೆಡ್‌ಶೀಟ್ ಹೊಡೆದು ಪ್ರೊಜೆಕ್ಟರ್ ಹಚ್ಚಿದ. ಯಜಮಾನಿಗೆ ಅತ್ತೆಯ ದನಿ, ಅಪ್ಪಟ ಧಾರವಾಡದ್ದು. ಪಾದ್ರಿಗೆ ನನ್ನದು, ಮೈಸೂರಿನ ಪುರೋಹಿತರ ರಾಗದಲ್ಲಿ. ಕೆಲಸದವಳು ಆಫ್ರಿಕಾನ್ಸಿನಲ್ಲೇ ಮಾತಾಡುತ್ತಾಳೆ. ಕೊನೆಯ ಮಾತು ಮಾತ್ರ ಕನ್ನಡದಲ್ಲಿ ಎಂದು ಅತ್ತೆ ಹಟ ಹಿಡಿದರು. ಎಂಬತ್ತು ದಾಟಿದ ಆ ನಾಲಿಗೆ "ಬರ್ಲಿಕ್ಕತ್ತದರಿ" ಎಂಬ ಶಬ್ದದ ಜೊತೆ ದಿನಗಟ್ಟಲೆ ಕುಸ್ತಿ ಮಾಡಿತು. ಒಮ್ಮೆ ಅದು "ಬತ್ತಿ ಕತ್ತರಿ" ಆಯಿತು. ಅತ್ತೆ ನೆಲಕ್ಕೆ ಕೂತು ನಕ್ಕರು.

ಆದರೆ ಸೋಫಿ ಆಂಟಿ ಮೇಷ್ಟ್ರಾಗಿ ಬಲು ಕಟ್ಟುನಿಟ್ಟು. "ವಾಖ್!" ಎಂದು ಕೈ ಎತ್ತುತ್ತಿದ್ದರು. ತಾಳು ಎಂದು ಅರ್ಥ. "ನಗು ಬರುವುದು ನೀನು ಮಾತಾಡಿದಲ್ಲಿ ಅಲ್ಲ, ನಿಲ್ಲಿಸಿದಲ್ಲಿ. ಜನಕ್ಕೆ ತಟ್ಟೆ ನೋಡಲು ಬಿಡು." ನಾನು ಪಾದ್ರಿಯ ಪ್ರಾರ್ಥನೆಯನ್ನು ಅವಸರದಲ್ಲಿ ಮುಗಿಸಿದಾಗಲೆಲ್ಲ ವಾಖ್. ಅತ್ತೆ ಯಜಮಾನಿಯ ತುಟಿ ಅಲುಗುವ ಮೊದಲೇ ಗದರಿದಾಗಲೆಲ್ಲ ವಾಖ್. ಹದಿನೈದು ದಿನದಲ್ಲಿ ಅತ್ತೆ ನನ್ನ ಒಗ್ಗರಣೆಗೂ ವಾಖ್ ಹೇಳತೊಡಗಿದರು. ನಾನು ಆಫೀಸಿನ ಮೀಟಿಂಗಿನಲ್ಲಿ ಕೂಡ ನಿಲ್ಲಿಸಿ ನಿಲ್ಲಿಸಿ ಮಾತಾಡುತ್ತಿದ್ದೆ, ಮ್ಯಾನೇಜರ್ "ಆರ್ ಯೂ ಓಕೆ?" ಎಂದು ಕೇಳಿದ. ಓಕೆ ಎಂಬುದು ಚಿಕ್ಕ ಮಾತು. ಬೆಳಗಾದರೆ ಸಂಜೆ ಯಾವಾಗ ಆದೀತು ಎಂದು ಕಾಯುವಂಥ ದಿನಗಳು ನನಗೆ ಬಂದು ಎಷ್ಟೋ ವರ್ಷವಾಗಿತ್ತು.

ಕನ್ನಡ ಕೂಟದ ಕಮಿಟಿಯಲ್ಲಿದ್ದ ಮೂರ್ತಿ ಅಂಕಲ್ ಮಾತ್ರ ಫೋನಿನಲ್ಲೇ ಬೇಡವೆಂದರು. "ಏನಮ್ಮ ವಸುಧಾ, ರಾಜ್ಯೋತ್ಸವಕ್ಕೆ ಆಫ್ರಿಕಾದ ಸಿನಿಮಾ ಯಾಕೆ? ಮಕ್ಕಳ ಡಾನ್ಸೇ ಪ್ರೋಗ್ರಾಮಲ್ಲಿ ಹಿಡಿಸ್ತಿಲ್ಲ."

ಅತ್ತೆ ಫೋನ್ ಕಸಿದುಕೊಂಡರು. "ಮೂರ್ತಿಯವರ, ನಾ ಕನ್ನಡದಾಗ ಬೈತೀನಿ. ಆಕಿ ಕನ್ನಡದಾಗ ಉತ್ತರ ಕೊಡ್ತಾಳ. ನಿಮ್ಮ ಡಾನ್ಸಿನ ಹಾಡಿನಾಗ ಎಷ್ಟು ಕನ್ನಡ ಅದ, ಹೇಳ್ರಿ?"

ಊಟಕ್ಕೆ ಮುಂಚಿನ ಹತ್ತು ನಿಮಿಷ ನಮ್ಮದಾಯಿತು.

ಹತ್ತಿರದ ಊರು ಮನ್ರೋದ ಒಂದು ಶಾಲೆಯ ಆಡಿಟೋರಿಯಂ. ನವೆಂಬರಿನ ಚಳಿ ಬಾಗಿಲು ತೆರೆದಾಗಲೆಲ್ಲ ಒಳಗೆ ನುಗ್ಗುತ್ತಿತ್ತು. ಬಿಸಿಬೇಳೆಬಾತಿನ ವಾಸನೆ ಆಗಲೇ ಹಾಲ್ ತುಂಬಿತ್ತು. ಅರ್ಧ ಜನ ಎದ್ದು ನಿಂತಿದ್ದರು. ಸೋಫಿ ಆಂಟಿ ನೀಲಿ ಫ್ರಾಕು ತೊಟ್ಟು, ಅತ್ತೆ ಕೊಟ್ಟ ಮಲ್ಲಿಗೆ ಮುಡಿದು, ವೇದಿಕೆಯ ಬದಿಯಲ್ಲಿ ನಿಂತಿದ್ದರು.

"ಡೊರೀನ್ ಬರುತ್ತೇನೆ ಅಂದಳಾ?" ಎಂದೆ.

"ಡ್ಯೂಟಿ ಇದೆ ಅಂದಳು," ಎಂದರು. ಅವರ ಕಣ್ಣು ಬಾಗಿಲಿನ ಮೇಲೇ ಇತ್ತು.

ಚಿತ್ರ ಶುರುವಾಯಿತು. ಸದ್ದಿಲ್ಲದ ಹಳೆಯ ಬಣ್ಣಗೆಟ್ಟ ಚಿತ್ರ ನೋಡಿ ಜನ ಗೊಂದಲಪಟ್ಟರು. ಅತ್ತೆ ಗದರಿದರು, ನಾಲ್ಕಾರು ಜನ ಕಿಸಕ್ಕೆಂದರು. ಸೋಫಿ ಆಂಟಿಯ ಮೊದಲ ಮಾತಿಗೆ ಯಾರೂ ನಗಲಿಲ್ಲ. ಎರಡನೆಯದಕ್ಕೂ ಇಲ್ಲ. ಹಿಂದಿನ ಸಾಲಿನಲ್ಲಿ ಗಂಡಸರು ಕಾಲೇಜು ಅಡ್ಮಿಷನ್ ಬಗ್ಗೆ ಗಟ್ಟಿಯಾಗಿ ಮಾತಾಡುತ್ತಿದ್ದರು. ಡೊರೀನ್ ಹೇಳಿದ್ದೇ ಸರಿಯಾಯಿತೇನೋ ಎಂದುಕೊಂಡೆ. ಪಾದ್ರಿಯ ಪ್ರಾರ್ಥನೆಯನ್ನು ಬೇಗ ಮುಗಿಸಿಬಿಡೋಣ ಎನಿಸಿತು. ಆ ಹೊತ್ತಿಗೆ ಸೋಫಿ ಆಂಟಿ ನನ್ನ ಮೊಣಕೈ ಹಿಡಿದು ಒತ್ತಿದರು. ನಿಧಾನ.

ನಾನು ನಿಧಾನಿಸಿದೆ. ಕುಂಟುವ ಹಸುವಿಗೆ ರಾಗ ಎಳೆದು ಆಯುರಾರೋಗ್ಯ ಬೇಡಿದೆ. ತೆರೆಯ ಮೇಲೆ ಹುಡುಗಿ ಯಜಮಾನಿಯ ಹಿಂದೆ ಬಾತುಕೋಳಿಯಾಗಿ ನಡೆದಳು. ಮುಂದಿನ ಸಾಲಿನ ಒಬ್ಬ ಅಜ್ಜಿ "ಅಯ್ಯೋ, ಅವಳ್ನೇ ಅಣಕಿಸ್ತಿದಾಳೆ ಕಣೇ!" ಎಂದು ಕೂಗಿದರು. ಅಷ್ಟೇ ಸಾಕಾಯಿತು. ನಗು ಮೊದಲ ಸಾಲಿನಿಂದ ಎದ್ದು ಹಿಂದಕ್ಕೆ ಹರಡಿತು. ಎದ್ದು ನಿಂತವರು ಕೂತರು. ಅಡ್ಮಿಷನ್ ಮಾತು ನಿಂತಿತು. ಒಂದೊಂದು ಹೊಸ ಪ್ರಾರ್ಥನೆಗೂ ಹಾಲ್ ಸಿಡಿಯತೊಡಗಿತು.

ಮುಚ್ಚಳ ಎದ್ದಿತು. ಮೊಟ್ಟೆ.

"ಕೋಳಿ ಎಲ್ಲೆ ಅದ?" ಅತ್ತೆ ಗುಡುಗಿದರು.

ಸೋಫಿ ಆಂಟಿ ಮಾತಾಡಲಿಲ್ಲ. ತೆರೆಯ ಮೇಲಿನ ಹುಡುಗಿಯೂ ತಟ್ಟೆ ನೋಡಿದಳು, ಪಾದ್ರಿಯನ್ನು ನೋಡಿದಳು, ಮತ್ತೆ ತಟ್ಟೆ ನೋಡಿದಳು. ಆ ಹುಡುಗಿ ಅಂದು ಎಷ್ಟು ಕಾದಿದ್ದಳೋ ಅಷ್ಟೇ ಈ ಮುದುಕಿಯೂ ಕಾದರು. ಆಮೇಲೆ ಮೈಕಿಗೆ ಬಾಗಿ, ಅತಿ ವಿನಯದಿಂದ, "ಬರ್ಲಿಕ್ಕತ್ತದರಿ. ಸದ್ಯ ಇಷ್ಟ ಬಂದದ."

ಅಂಥ ನಗುವನ್ನು ನಾನು ಈ ದೇಶದಲ್ಲಿ ಕೇಳಿರಲಿಲ್ಲ. ಜನ ಮುಂದಿನ ಕುರ್ಚಿ ಹೊಡೆದರು. ಅಡ್ಮಿಷನ್ ಮಾತಾಡುತ್ತಿದ್ದ ಗಂಡಸರು ಒಬ್ಬರ ಮೇಲೊಬ್ಬರು ಬಿದ್ದರು. ಬಿಸಿಬೇಳೆಬಾತಿನ ಪಾತ್ರೆ ಬಿಟ್ಟು ಅಡುಗೆಯವರು ಓಡಿ ಬಂದರು. ನಗುವಿನ ಮಧ್ಯೆ ಯಾರೋ "ವನ್ಸ್ ಮೋರ್!" ಎಂದರು. ಮೂರ್ತಿ ಅಂಕಲ್! ಕಂಪನಿ ನಾಟಕ ನೋಡಿ ಬೆಳೆದವರೆಲ್ಲ ಆ ಕೂಗನ್ನು ಎತ್ತಿಕೊಂಡರು. "ವನ್ಸ್ ಮೋರ್! ವನ್ಸ್ ಮೋರ್!" ಸೋಫಿ ಆಂಟಿ ಎದೆಯ ಮೇಲೆ ಕೈ ಇಟ್ಟು ನಿಂತಿದ್ದರು, ಚಿಕ್ಕ ಮಗು ಸಮುದ್ರ ನೋಡುವ ಹಾಗೆ ಜನರನ್ನು ನೋಡುತ್ತ.

ಗಿರೀಶ ದೃಶ್ಯವನ್ನು ಹಿಂದಕ್ಕೆ ತಂದ. ಆಗ ಕತ್ತಲ ಹಾದಿಯಲ್ಲಿ ಯಾರೋ ಮುಂದೆ ನಡೆದು ಬರುವುದು ಕಂಡಿತು. ಬಿಳಿಯ ಕೋಟು ಇನ್ನೂ ಮೈಮೇಲಿತ್ತು. ಡೊರೀನ್. ಎಷ್ಟು ಹೊತ್ತಿನಿಂದ ಹಿಂದೆ ನಿಂತಿದ್ದಳೋ. ಅವಳು ಮೆಟ್ಟಿಲು ಹತ್ತಿ ಅತ್ತೆಯ ಎದುರು ಕೈ ಚಾಚಿದಳು. ಅತ್ತೆ ಮೈಕ್ ಅವಳ ಕೈಗಿಟ್ಟರು.

ಚಿತ್ರ ಓಡಿತು. ಯಜಮಾನಿ ಬಾಯಿ ತೆರೆದಳು. ಡೊರೀನ್ ಆಫ್ರಿಕಾನ್ಸಿನಲ್ಲಿ ಗದರಿದಳು. ಒಂದು ತುಟಿಯೂ ತಪ್ಪಲಿಲ್ಲ. ನಾನು ಆ ಸಿನಿಮಾ ಹುಡುಕುವುದಕ್ಕೆ ಎಷ್ಟೋ ಮೊದಲೇ ಅವಳಿಗೆ ಅದು ಸಿಕ್ಕಿತ್ತಂತೆ. ಒಬ್ಬಳೇ ಕೂತು ಸಿಟ್ಟಿನಿಂದ ಮತ್ತೆ ಮತ್ತೆ ನೋಡಿ ಪೂರ್ತಿ ಬಾಯಿಪಾಠವಾಗಿತ್ತಂತೆ. ಅದನ್ನೆಲ್ಲ ಅವಳು ನನಗೆ ಹೇಳಿದ್ದು ಆಮೇಲೆ, ಊಟದ ಸಾಲಿನಲ್ಲಿ.

ಮಗಳ ಬಾಯಲ್ಲಿ ತಮ್ಮ ಮನೆಮಾತು ಕೇಳಿದ ಸೋಫಿ ಆಂಟಿ ತಿರುಗಿ ನೋಡಿದರು. ಆ ಹೊತ್ತಿಗೆ ಅವರ ಸರದಿ ಬಂದು ಹೋಯಿತು. ತಿಂಗಳಿಡೀ ಒಂದು ಮಾತೂ ತಪ್ಪದವರು ಆ ಮಾತು ತಪ್ಪಿದರು. ತೆರೆಯ ಮೇಲೆ ಹುಡುಗಿಯ ತುಟಿ ಸುಮ್ಮನೆ ಅಲುಗಿತು. ಜನ ಅದನ್ನೂ ತಮಾಷೆಯೆಂದುಕೊಂಡು ಚಪ್ಪಾಳೆ ತಟ್ಟಿದರು. ಡೊರೀನ್ ತಾಯಿಯ ಬೆನ್ನು ತಟ್ಟಿ ಮುಂದಿನ ಮಾತನ್ನು ಪಿಸುಗುಟ್ಟಿದಳು. ಸೋಫಿ ಆಂಟಿ ಅದನ್ನು ಹಿಡಿದುಕೊಂಡು ಓಡಿದರು. ನಾನು ಪಾದ್ರಿಯಾಗಿ ಕನ್ನಡದಲ್ಲಿ ಹರಸಿದೆ, ತಾಯಿ ಮಗಳು ಅವರ ಮಾತಿನಲ್ಲಿ ಜಗಳವಾಡಿದರು, ಕೊನೆಯ ಮಾತೂ ಈ ಸಲ ಆಫ್ರಿಕಾನ್ಸಿನಲ್ಲೇ ಬಂತು. ಹಾಲಿನಲ್ಲಿ ಒಬ್ಬರಿಗೂ ಅದರ ಒಂದಕ್ಷರ ಬರುತ್ತಿರಲಿಲ್ಲ. ಎಲ್ಲರೂ ಬಿದ್ದು ಬಿದ್ದು ನಕ್ಕರು. ಕೆಲಸ ಕಳೆದುಕೊಂಡ ಅತ್ತೆ ಮೊದಲ ಸಾಲಿನಲ್ಲಿ ಕೂತು ಎಲ್ಲರಿಗಿಂತ ಜೋರಾಗಿ.

ಮೂರ್ತಿ ಅಂಕಲ್ ಮೈಕ್ ಹಿಡಿದು ಊಟ ಆರುತ್ತಿದೆ ಎಂದು ಹೇಳಲು ಎದ್ದರು, ಆದರೆ ನಗು ತಡೆಯಲಾರದೆ ಮತ್ತೆ ಕೂತರು. ಕುರ್ಚಿ ಬಿಟ್ಟು ಒಬ್ಬರೂ ಏಳಲಿಲ್ಲ. ಯಾರೂ ಕೇಳುವ ಮೊದಲೇ ಗಿರೀಶ ಚಿತ್ರವನ್ನು ಮತ್ತೆ ಮೊದಲಿಗೆ ತಂದಿದ್ದ.